ಬಡ್ಡಿಯಿಲ್ಲದ ಸಾಲ ಮತ್ತು ಬಂಗುಡೆ

ಮೀನು ಕರಿಯುವಾಗ ನಾನು ರಸ್ತೆಯ ಕಡೆಯ ಕಿಟಕಿ ಮುಚ್ಚುತ್ತೇನೆ. ಮದುವೆಯಾದ ಹೊಸತರಲ್ಲಿ ನನ್ನ ಗಂಡನ ಕಣ್ಣಿಗೆ ಬಿದ್ದ ನನ್ನ ಮೊದಲ ದೋಷ ಇದು. ಉಳಿದವು ಆಮೇಲೆ ಒಂದೊಂದಾಗಿ ಹೊರಗೆ ಬಂದವು. ಬೆಳುವಾಯಿಯ ಈ ಮನೆಗೂ ರಸ್ತೆಗೂ ನಡುವೆ ಒಂದು ಗದ್ದೆ ಉಂಟು. ನಮ್ಮ ಬಂಗುಡೆಯ ವಾಸನೆ ಗದ್ದೆ ದಾಟಿ ರಸ್ತೆಗೆ ಹೋಯಿತೆಂದೇ ಇಟ್ಟುಕೊಳ್ಳಿ, ಅದನ್ನು ಮೂಸಿ ಬೇಸರಪಡುವವರು ಇಲ್ಲಿ ಯಾರೂ ಇಲ್ಲ. ಹೆಚ್ಚೆಂದರೆ ಊಟಕ್ಕೆ ಬಂದಾರು. ಆದರೂ ಕಾವಲಿ ಒಲೆಗೇರಿದ ಕೂಡಲೇ ನನ್ನ ಕೈ ತಾನಾಗಿ ಕಿಟಕಿಯ ಕಡೆಗೆ ಹೋಗುತ್ತದೆ.

ಮೊನ್ನೆ ತಂಗಿಯ ಮಗ ಬಂದಿದ್ದ. ಮನೆ ಕಟ್ಟಿಸಲು ಬ್ಯಾಂಕಿನಲ್ಲಿ ಸಾಲ ತೆಗೆಯುವವನಿದ್ದಾನೆ. ತಿಂಗಳು ತಿಂಗಳು ಕಂತು ಕಟ್ಟುತ್ತಾ ಹೋದರೆ, ಕೊನೆಗೆ ಒಂದು ಮನೆಗೆ ಎರಡು ಮನೆಯ ಹಣ ತೆತ್ತ ಹಾಗಾಗುತ್ತದೆ ಎಂದು ಯಾರೋ ಅವನಿಗೆ ಹೇಳಿದ್ದರಂತೆ. ಮುಖ ಸಪ್ಪಗೆ ಮಾಡಿಕೊಂಡು ಕೂತಿದ್ದ. ಅಜ್ಜನೂ ಮೂಡಬಿದ್ರೆಯ ಮನೆಯನ್ನು ಅಡವಿಟ್ಟಿದ್ದರಂತಲ್ಲ, ಬಡ್ಡಿ ಎಷ್ಟಿತ್ತು ದೊಡ್ಡಮ್ಮ, ಎಂದು ಕೇಳಿದ.

"ಬಡ್ಡಿ ಇರಲಿಲ್ಲ ಮಗ," ಎಂದೆ. "ಮೀನು ಇತ್ತು."

ಅವನಿಗೆ ಅರ್ಥವಾಗಲಿಲ್ಲ. ನಿಮಗೂ ಆಗಿರಲಿಕ್ಕಿಲ್ಲ. ಕಿಟಕಿ ಹೇಗೂ ಮುಚ್ಚಿದ್ದೇನೆ, ಹತ್ತಿರ ಕೂತುಕೊಳ್ಳಿ, ಹೇಳುತ್ತೇನೆ.

ನನ್ನ ತವರು ಮನೆ ಮೂಡಬಿದ್ರೆಯ ಬಸ್‌ಸ್ಟ್ಯಾಂಡಿಗೆ ಕೂಗಿದರೆ ಕೇಳುವಷ್ಟು ಹತ್ತಿರ. ಅಪ್ಪ ಅಲ್ಲಿ ಬಸ್ಸಿನ ಬುಕಿಂಗ್ ಏಜೆಂಟರು. ಕಿವಿಯಲ್ಲೊಂದು ಪೆನ್ಸಿಲು, ಕೈಯಲ್ಲಿ ಟಿಕೇಟಿನ ಪುಸ್ತಕ, ಬಾಯಲ್ಲಿ ಊರಿನ ಸಮಾಚಾರ. ಮಂಗಳೂರಿಗೆ ಯಾರು ಹೋದರು, ಯಾಕೆ ಹೋದರು, ಹೋದ ಕೆಲಸ ಆಯಿತೋ ಇಲ್ಲವೋ ಎಂಬುದೆಲ್ಲ ಅವರಿಗೆ ಗೊತ್ತಿರುತ್ತಿತ್ತು. ಇಷ್ಟೆಲ್ಲ ಇದ್ದೂ ಅವರಿಗೆ ಒಂದು ಕೊರಗು. ನಮ್ಮ ಮನೆಗೆ ಮುಳಿಹುಲ್ಲಿನ ಮಾಡು. ಬಸ್ಸಿನ ಮಾಲಕರ ಮನೆಗೆ ಹಂಚು, ಸರಿ. ಕೊನೆಗೆ ಕಂಡಕ್ಟರನ ಮನೆಗೂ ಹಂಚು ಬಿತ್ತು. ಆಮೇಲೆ ಅಪ್ಪನಿಗೆ ಊಟ ರುಚಿಸಲಿಲ್ಲ. ಟಿಕೇಟು ಕೊಡುವಾಗ ಕೂಡ ಬರುವವರ ಹತ್ತಿರ ಹಂಚಿನ ಕ್ರಯ ವಿಚಾರಿಸುತ್ತಿದ್ದರು.

ಹಂಚು ಹಾಕಿಸುವುದೆಂದರೆ ಬರೀ ಹಂಚಲ್ಲ. ಹುಲ್ಲಿನ ಮಾಡು ಹೊತ್ತ ಮಣ್ಣಿನ ಗೋಡೆ ಹಂಚಿನ ಭಾರ ಹೊರುವುದಿಲ್ಲ, ಹಾಗಾಗಿ ಗೋಡೆ. ಗೋಡೆಯಾದ ಮೇಲೆ ಹಂಚು ಹೊರುವ ಮರ, ಪಕ್ಕಾಸು, ರೀಪು, ಆಮೇಲೆ ಬಾಗಿಲು. ಹಂಚಿನಿಂದ ಶುರುವಾದದ್ದು ಹೊಸ ಮನೆಯೇ ಆಯಿತು. ಅಮ್ಮ ಕತ್ತಿನ ಸರ ಬಿಚ್ಚಿ ಕೊಟ್ಟಳು. ಕೊಡುವಾಗ ಅವಳು ಕೇಳಿದ್ದು ಒಂದೇ, ಎದುರಿಗೆ ಜಗಲಿ ಬೇಕು.

ಅಮ್ಮ ಬಂಟ್ವಾಳ ಪೇಟೆಯವಳು. ಅವಳ ತವರಿನ ಜಗಲಿಯಲ್ಲಿ ಕೂತರೆ ನೇತ್ರಾವತಿಯಲ್ಲಿ ದೋಣಿ ಬರುವುದು ಕಾಣುತ್ತಿತ್ತಂತೆ. ಸಂಜೆ ಹೆಂಗಸರೆಲ್ಲ ಕೆಲಸ ಮುಗಿಸಿ ವೀಳ್ಯದೆಲೆ ಹಾಕಿಕೊಂಡು ಅಲ್ಲಿ ಕೂರುತ್ತಿದ್ದರಂತೆ. ಮೂಡಬಿದ್ರೆಯಲ್ಲಿ ನದಿ ಇಲ್ಲ, ದೋಣಿಯೂ ಇಲ್ಲ. ಬಸ್ಸಾದರೂ ಕಾಣಲಿ ಎಂದಳು. ಜಗಲಿಗೆ ಕಾವಿ ನೆಲ ಮಾಡಿಸಿದ್ದೂ ಅವಳೇ. ನೆಲ ಒಣಗುವ ಮೊದಲು ನುಣ್ಣನೆಯ ಹೊಳೆಕಲ್ಲಿನಿಂದ ಉಜ್ಜಿ, ಆಮೇಲೆ ತೆಂಗಿನೆಣ್ಣೆ ಹಚ್ಚಿ ಬಟ್ಟೆಯಿಂದ ತಿಕ್ಕಿ, ಮುಖ ಕಾಣುವ ಹಾಗೆ ಮಾಡಿದ್ದಳು. ಬೆನ್ನಿಗೆ ಕಂಬ ಬರುವ ಒಂದು ಮೂಲೆಯನ್ನು ತೋರಿಸಿ, ಇದು ನನ್ನ ಜಾಗ, ಯಾರೂ ಕೂರಬೇಡಿ ಎಂದು ನಮಗೆಲ್ಲ ಹೇಳಿಯೂ ಆಗಿತ್ತು.

ಸರ ಕೊಟ್ಟರೂ ಹಣ ಅರ್ಧಕ್ಕೆ ನಿಂತಿತು. ಗೋಡೆ ಎದ್ದಿತ್ತು, ಮಾಡಿಗೆ ಆಕಾಶ. ಆಗ ಅಪ್ಪನಿಗೆ ಬಸ್‌ಸ್ಟ್ಯಾಂಡಿನಲ್ಲಿ ಸಿಕ್ಕಿದವರು ನಾರಾವಿಯವರು.

ಅವರಿಗೆ ಹೆಸರು ಇದ್ದೇ ಇತ್ತು, ನಾವು ಕರೆದದ್ದು ಮಾತ್ರ ನಾರಾವಿಯವರು ಎಂದೇ. ಅಡಿಕೆ ವ್ಯಾಪಾರದ ಜೈನರು, ವಯಸ್ಸಾದವರು. ಮೃದು ಮಾತು, ಮಡಿ ಪಂಚೆ, ಕೈಯಲ್ಲಿ ಸದಾ ಒಂದು ಕೊಡೆ. ಮೂಡಬಿದ್ರೆಯಲ್ಲಿ ಅವರ ಅಕ್ಕನ ಮನೆ ಇತ್ತು. ಸಂತೆಗೆ ಬಂದರೆ ಹೊತ್ತು ಮುಳುಗುವ ಮೊದಲು ಅಲ್ಲಿ ಊಟ ಮುಗಿಸುತ್ತಿದ್ದರು. ಊಟಕ್ಕೇನೋ ಅಕ್ಕನ ಮನೆ ಆಗುತ್ತದೆ, ಅಡಿಕೆ ಮೂಟೆ ಇಳಿಸಿ ನಾಲ್ಕು ಜನರ ಹತ್ತಿರ ವ್ಯಾಪಾರ ಮಾತಾಡಲಿಕ್ಕೆ ಆಗುವುದಿಲ್ಲವಲ್ಲ. ಬಸ್‌ಸ್ಟ್ಯಾಂಡಿನ ಹತ್ತಿರ ಒಂದು ಕೋಣೆ ಇದ್ದರೆ ಒಳ್ಳೆಯದಿತ್ತು ಎಂದರಂತೆ. ಅಪ್ಪನಿಗೆ ಹಂಚು ಬೇಕಿತ್ತು. ಮಾತು ಕೂಡಿಬಂತು.

ಆಗ ನಮ್ಮ ಕಡೆ ಭೋಗ್ಯದ ಅಡವು ಎಂದು ಒಂದು ಪದ್ಧತಿ. ಸಾಲ ಕೊಟ್ಟವರು ಬಡ್ಡಿ ಕೇಳುವುದಿಲ್ಲ. ಬಡ್ಡಿಯ ಬದಲು ಅಡವಿಗಿಟ್ಟ ಆಸ್ತಿಯನ್ನು ತಾವು ಅನುಭವಿಸುತ್ತಾರೆ. ಅಸಲು ಕೈಗೆ ಬಂದ ದಿನ ಬಿಟ್ಟುಕೊಡುತ್ತಾರೆ. ಗದ್ದೆಯಾದರೆ ಭತ್ತ, ತೋಟವಾದರೆ ತೆಂಗಿನಕಾಯಿ. ನಮಗೆ ಗದ್ದೆಯೂ ಇಲ್ಲ, ತೋಟವೂ ಇಲ್ಲ. ಇದ್ದದ್ದು ಹೊಸ ಮನೆಯ ಎದುರಿನ ದೊಡ್ಡ ಕೋಣೆ, ಅಂದರೆ ಚಾವಡಿ, ಮತ್ತು ಜಗಲಿ. ಅದನ್ನೇ ಭೋಗ್ಯಕ್ಕೆ ಬರೆದುಕೊಟ್ಟು ಅಪ್ಪ ಗೆದ್ದವರ ಹಾಗೆ ಮನೆಗೆ ಬಂದರು. ವಾರಕ್ಕೊಮ್ಮೆ ಸಂತೆಯ ದಿನ ಬಂದು ಮಲಗಿ ಹೋಗುತ್ತಾರೆ, ಅಷ್ಟೆ. ಉಳಿದ ದಿನ ಜಗಲಿ ನಿನ್ನದೇ ಎಂದು ಅಮ್ಮನಿಗೆ ಹೇಳಿದರು. ಬಡ್ಡಿಯಿಲ್ಲದ ಸಾಲ ಎಂಬ ಸುದ್ದಿ ಮರುದಿನ ಬೆಳಗಿನ ಬಸ್ಸಿನಲ್ಲೇ ಬೆಳ್ತಂಗಡಿಯವರೆಗೂ ಹೋಗಿರಬೇಕು.

ಮಾಡಿಗೆ ಹಂಚು ಬಿತ್ತು. ಮೊದಲ ಸಂತೆಯೂ ಬಂತು.

ಇಲ್ಲಿ ಒಂದು ವಿಷಯ ಹೇಳಬೇಕು. ಸಂತೆಯ ದಿನ ಮಂಗಳೂರಿನ ಬಸ್ಸಿನ ನೆತ್ತಿಯ ಮೇಲೆ ಬುಟ್ಟಿ ಬುಟ್ಟಿ ಮೀನು ಬರುತ್ತಿತ್ತು. ಬುಟ್ಟಿ ಇಳಿಸುವವರು ಅಪ್ಪನ ಕೈಕೆಳಗಿನವರು. ಹಾಗಾಗಿ ಊರಿನ ದೊಡ್ಡವರ ಮನೆಗೂ ಸಿಗದ ಬಂಗುಡೆ ನಮ್ಮ ಮನೆಗೆ ಬರುತ್ತಿತ್ತು. ಅಮ್ಮ ಮಾಡುವ ಹುಳಿಖಾರದ ಮೀನಿನ ಸಾರು, ಪುಳಿಮುಂಚಿಯ ಬಗ್ಗೆ ನಾನೇನೂ ಹೇಳುವುದಿಲ್ಲ. ಹೇಳಲು ಹೊರಟರೆ ಈ ಪ್ರಬಂಧ ಇಲ್ಲಿಗೇ ನಿಂತು ನಾನು ಅಡುಗೆಮನೆಗೆ ಹೋಗಬೇಕಾಗುತ್ತದೆ.

ಆ ಸಂಜೆ ಒಲೆಯ ಮೇಲೆ ಪುಳಿಮುಂಚಿ ಕುದಿಯುತ್ತಿತ್ತು. ಅಂಗಳದಲ್ಲಿ ಕೊಡೆ ಕಾಣಿಸಿತು. ಮನೆಯ ಬಾವಿ ಎದುರಿನ ಅಂಗಳದಲ್ಲೇ ಇದ್ದದ್ದು. ನಾರಾವಿಯವರು ಅಲ್ಲಿ ಕಾಲು ತೊಳೆಯುವಷ್ಟರಲ್ಲಿ ಅಪ್ಪ ಒಳಗೆ ಓಡಿ ಬಂದರು. ಹಂಚಿನ ಲೆಕ್ಕ, ಮರದ ಲೆಕ್ಕ, ಆಚಾರಿಯ ಮಜೂರಿ ಎಲ್ಲ ಕೂಡಿಸಿ ನೋಡಿದ್ದ ಮನುಷ್ಯ ಮೀನಿನ ವಿಷಯ ಯೋಚಿಸಿಯೇ ಇರಲಿಲ್ಲ. ಜೈನರು ಬಂದು ಕೂತಿರುವಾಗ ಅವರ ಮೂಗಿನಡಿಗೆ ಬಂಗುಡೆಯೇ? ಅಪ್ಪ ಅಮ್ಮ ಮುಖ ಮುಖ ನೋಡಿಕೊಂಡರು. ಆಮೇಲೆ ಅಮ್ಮ ಕುದಿಯುವ ಮಡಕೆಯನ್ನು ಹಿಡಿಬಟ್ಟೆಯಲ್ಲಿ ಎತ್ತಿಕೊಂಡು ಹೋಗಿ ಹಿಂದಿನ ಗೋಡೆಯಾಚೆ ನೆರೆಮನೆಯ ಲೂಸಿಬಾಯಿಯ ಕೈಗೆ ಕೊಟ್ಟಳು. ಲೂಸಿಬಾಯಿ ಏನು, ಯಾಕೆ ಎಂದು ಒಂದು ಮಾತು ಕೇಳಲಿಲ್ಲ. ಅಂಥ ನೆರೆಯವರು ಈಗ ಸಿಗುವುದಿಲ್ಲ. ನಾವೆಲ್ಲ ಅವಳ ಅಡುಗೆಮನೆಯಲ್ಲಿ ಕೂತು ಉಂಡು, ಬಾಯಿ ತೊಳೆದು, ಒಳ್ಳೆಯ ಮಕ್ಕಳಾಗಿ ಮನೆಗೆ ಬಂದೆವು.

ಅಲ್ಲಿಂದ ಅದೇ ರೂಢಿಯಾಯಿತು. ಸಂತೆಯ ದಿನ ಮೀನು ಹಿಂದಿನ ಗೋಡೆ ಹಾರುತ್ತಿತ್ತು. ಬ್ಯಾಂಕಿನವರು ಸಾಲದ ಅರ್ಜಿಗೆಂದೇ ಏನೋ ಖರ್ಚು ಹಿಡಿಯುತ್ತಾರೆ ಎಂದು ತಂಗಿಯ ಮಗ ಗೊಣಗಿದ. ನಮ್ಮ ಸಾಲದಲ್ಲೂ ಅದು ಇತ್ತು. ಒಳ್ಳೊಳ್ಳೆಯ ತುಂಡುಗಳು ಲೂಸಿಬಾಯಿಯ ಬಟ್ಟಲಿಗೆ ಹೋಗುತ್ತಿದ್ದವು. ಮಸಾಲೆಯ ವಾಸನೆ ಎಲ್ಲಿ ಉಳಿದೀತೋ ಎಂಬ ಹೆದರಿಕೆಗೆ ಅಮ್ಮ ಸಂಜೆ ಚಾವಡಿಗೆ ಧೂಪ ಹಾಕತೊಡಗಿದಳು. ಏಜೆಂಟರ ಮನೆಯಲ್ಲಿ ಈಚೆಗೆ ಭಕ್ತಿ ಹೆಚ್ಚಾಗಿದೆ ಎಂದು ಊರಿನಲ್ಲಿ ಮಾತಾಯಿತು.

ನಾರಾವಿಯವರು ಏನನ್ನೂ ಕೇಳಿದವರಲ್ಲ. ಇದು ನಿಮಗೆ ಗೊತ್ತಿರಬೇಕು, ಇಲ್ಲದಿದ್ದರೆ ಅವರನ್ನು ತಪ್ಪು ತಿಳಿಯುತ್ತೀರಿ. ಬಂದಾಗಲೆಲ್ಲ ಮಕ್ಕಳ ಕೈಗೆ ಕಲ್ಲುಸಕ್ಕರೆ ಕೊಡುತ್ತಿದ್ದರು. ತೊಂದರೆ ಆಯಿತಾ ಎಂದು ಕೇಳುತ್ತಿದ್ದರು. ಛೆ, ಏನೂ ಇಲ್ಲ ಎಂದು ಅಪ್ಪ ಹೇಳುತ್ತಿದ್ದರು. ನಮ್ಮ ಕಡೆಯವರಿಗೆ ಆಗುವುದಿಲ್ಲ ಎನ್ನಲು ನಾಲಿಗೆ ಹೊರಳುವುದಿಲ್ಲ. ಹೆಣ್ಣು ಕೇಳಲು ಬಂದರೂ ನೋಡುವ, ದನ ಕೇಳಲು ಬಂದರೂ ನೋಡುವ. ನೋಡೋಣ ಎಂಬರ್ಥದ ಈ ನೋಡುವ ಎಂಬ ಒಂದು ಮಾತಿನ ಮೇಲೆ ನಮ್ಮ ಇಡೀ ಜಿಲ್ಲೆ ನಡೆಯುತ್ತಿತ್ತು.

ಅವರು ಮಲಗಿರುವಾಗ ಚಾವಡಿಯಲ್ಲಿ ಹಾದುಹೋಗುವುದು ಮರ್ಯಾದೆಯಲ್ಲ ಎಂದು ನಾವು ಮನೆಯ ಪಕ್ಕದಿಂದ ಸುತ್ತಿಕೊಂಡು ಅಡುಗೆಮನೆಯ ಬಾಗಿಲಿಗೆ ಹೋಗಲು ಕಲಿತೆವು. ಅವರ ವ್ಯಾಪಾರದ ಮಾತಿಗೆ ಅಡ್ಡಿಯಾಗಬಾರದೆಂದು ಪಿಸುಗುಟ್ಟಲು ಕಲಿತೆವು. ಅಮ್ಮ ಬಾವಿಯಿಂದ ನೀರಿನ ಕೊಡ ಎತ್ತಿಕೊಂಡು ಅದೇ ಪಕ್ಕದ ದಾರಿಯಲ್ಲಿ ಸುತ್ತು ಹಾಕುತ್ತಿದ್ದಳು. ಹುಲ್ಲು ಬೆಳೆದಿದ್ದ ಕಡೆ ನಮ್ಮ ಕಾಲಿನಿಂದಲೇ ಒಂದು ದಾರಿ ಬಿತ್ತು. ನಾರಾವಿಯವರು ಇಲ್ಲದ ದಿನವೂ ಯಾಕೋ ಕಾಲು ಅದೇ ದಾರಿ ಹಿಡಿಯುತ್ತಿತ್ತು.

ಅಷ್ಟರಲ್ಲಿ ಅವರು ಸಂತೆಯ ಹಿಂದಿನ ದಿನವೇ ಬರತೊಡಗಿದರು. ಆಮೇಲೆ ಸಂತೆ ಮುಗಿದ ಮೇಲೂ ಉಳಿಯತೊಡಗಿದರು. ಅಡಿಕೆಯ ಕಾಲದಲ್ಲಿ ವಾರವಿಡೀ ಇಲ್ಲೇ. ಒಮ್ಮೆ ಕಾರ್ಕಳದ ಕೋರ್ಟಿನಲ್ಲಿ ಅವರದೊಂದು ವ್ಯಾಜ್ಯ ನಡೆಯಿತು. ಆ ಮಳೆಗಾಲವಿಡೀ ಅವರು ಇಲ್ಲೇ; ದಿನಾ ಗೋಡೆ ಹಾರಲಿಕ್ಕಾಗದೆ ನಾವು ಮೀನಿನ ಮುಖವನ್ನೇ ಮರೆತೆವು. ಪತ್ರ ಬರೆಸುವಾಗ ನಮ್ಮದು ಮದ್ರಾಸು ರಾಜ್ಯ, ಆಮೇಲೆ ಮೈಸೂರಾಯಿತು. ಆಣೆ ಹೋಗಿ ನಯೆಪೈಸೆ ಬಂತು. ಸರಕಾರವೇ ಬದಲಾಯಿತು, ನಾರಾವಿಯವರು ಮಾತ್ರ ಜಗಲಿಯಲ್ಲಿ ಹಾಗೇ ಇದ್ದರು. ಅವರು ಕೂರುತ್ತಿದ್ದದ್ದು ಕಂಬಕ್ಕೆ ಬೆನ್ನು ಕೊಟ್ಟು, ಅಮ್ಮನ ಮೂಲೆಯಲ್ಲಿ. ಅದು ಅವಳ ಜಾಗ ಎಂದು ಅವರಿಗೆ ಯಾರು ಹೇಳಿದ್ದರು?

ಒಂದು ದಿನ ಬಂಟ್ವಾಳದಿಂದ ಮಾವ ಬಂದ, ಅಮ್ಮನ ಅಣ್ಣ. ಮೆಟ್ಟಿಲ ಹತ್ತಿರ ನಿಂತಾಗ ನಾರಾವಿಯವರು ಎದ್ದು ನಿಂತು, ಬನ್ನಿ ಕೂತುಕೊಳ್ಳಿ, ಏಜೆಂಟರ ಮನೆಯವರು ಹಿಂದಿನ ಬದಿಯಲ್ಲಿದ್ದಾರೆ ಎಂದು ಬಹಳ ಮರ್ಯಾದೆಯಿಂದ ಹೇಳಿದರು. ಮಾವನಿಗೆ ಅಷ್ಟೇ ಸಾಕಾಯಿತು. ತಂಗಿಯ ಸರ ಹಾಕಿ ಕಟ್ಟಿದ ಮನೆಯನ್ನು ಭಾವ ಮಾರಿ, ಹಿಂದಿನ ಬದಿಯಲ್ಲಿ ಬಾಡಿಗೆಗಿದ್ದಾನೆ ಎಂದು ತಿಳಿದುಕೊಂಡ. ಅಮ್ಮ ಕೊಟ್ಟ ಕಾಫಿಯನ್ನು ಅಡುಗೆಮನೆಯ ಮಣೆಯ ಮೇಲೆ ಕೂತು ಮಾತಿಲ್ಲದೆ ಕುಡಿದು, ಊಟಕ್ಕೂ ನಿಲ್ಲದೆ ಹೊರಟುಹೋದ. ಬಂಟ್ವಾಳ ಪೇಟೆಗೆ ಸುದ್ದಿ ಮುಟ್ಟಿತು. ಮುಂದಿನ ವಾರ ಅಜ್ಜಿ ಯಾರದೋ ಕೈಯಲ್ಲಿ ಬೈಹುಲ್ಲಿನಲ್ಲಿ ಕಟ್ಟಿದ ಒಂದು ಮುಡಿ ಅಕ್ಕಿ ಕಳಿಸಿದಳು. ಕಷ್ಟಕ್ಕೆ ಬಿದ್ದ ಮಗಳಿಗೆ ತವರಿನ ಅಕ್ಕಿ.

ಅಮ್ಮ ಆ ಮುಡಿಯನ್ನು ನೋಡುತ್ತಾ ಬಹಳ ಹೊತ್ತು ಕೂತಿದ್ದಳು. ಬಡ್ಡಿಯಿಲ್ಲದ ಸಾಲ ಎಂದು ಅಪ್ಪ ಏನೋ ಹೇಳಲು ಹೊರಟರು. ಅಮ್ಮ ಯಾವತ್ತೂ ಎದುರು ಮಾತಾಡಿದವಳಲ್ಲ. ಅವತ್ತು ಆಡಿದಳು.

"ಬಡ್ಡಿ ಇದ್ದಿದ್ದರೆ ನಿಮಗೆ ನಿದ್ದೆ ಬರ್ತಿರಲಿಲ್ಲ. ಹೇಗಾದರೂ ಮಾಡಿ ಅಸಲು ತೀರಿಸ್ತಿದ್ದಿರಿ. ಬಡ್ಡಿ ಇಲ್ಲ ಅಂತ ನೀವು ಮಲಗಿದ್ದೀರಿ, ಬಡ್ಡಿ ನಾನು ಕೊಡ್ತಾ ಇದ್ದೇನೆ."

"ನೋಡುವ," ಎಂದರು ಅಪ್ಪ.

"ನೋಡಿದ್ದು ಸಾಕು," ಎಂದಳು ಅಮ್ಮ.

ಈಗಿನವರು ಸಾಲದ ನಿಜವಾದ ಖರ್ಚು ತಿಳಿಯಲು ಏನೇನೋ ಓದುತ್ತಾರೆ. ನನಗೆ ಅವತ್ತು ಅಕ್ಕಿಯ ಮುಡಿಯ ಹತ್ತಿರ ಕೇಳಿದ್ದಕ್ಕಿಂತ ಹೆಚ್ಚಿನದು ಆಮೇಲೆ ಯಾರೂ ಹೇಳಿಕೊಟ್ಟಿಲ್ಲ. ಅಮ್ಮ ಒಂದು ಚಿಟ್ ಫಂಡಿಗೆ ಸೇರಿದಳು. ಹೇಗೂ ಮೀನಿಗೆ ಖರ್ಚಾಗದೆ ಉಳಿಯುತ್ತಿದ್ದ ದುಡ್ಡು, ಹಾಲು ಮಾರಿದ ದುಡ್ಡು, ಅಪ್ಪನ ಅಂಗಿಯ ಕಿಸೆಯಲ್ಲಿ ಹೆಚ್ಚಾಗಿ ಕಂಡ ದುಡ್ಡು ಎಲ್ಲವೂ ಅಲ್ಲಿಗೆ. ಕೊನೆಗೆ ಚಿಟ್ಟಿನ ಏಲದಲ್ಲಿ ಬರಬೇಕಾದ ಹಣದಿಂದ ತುಂಬ ಬಿಟ್ಟುಕೊಟ್ಟು ಚಿಟ್ಟು ಎತ್ತಿದಳು. ಎಷ್ಟು ಬಿಟ್ಟುಕೊಟ್ಟಳೆಂದು ಸಾಯುವವರೆಗೆ ಯಾರಿಗೂ ಹೇಳಲಿಲ್ಲ. ಸಾಲದ ಖರ್ಚು ಮುಚ್ಚಿಡುವುದನ್ನು ಅವಳೂ ಅಷ್ಟರಲ್ಲಿ ಕಲಿತಿದ್ದಳು. ಅಪ್ಪನೂ ತಮ್ಮ ಪಾಲು ಸೇರಿಸಿದರು, ಅವರನ್ನು ಪೂರ್ತಿ ಬಿಟ್ಟುಬಿಡಬಾರದು. ಪತ್ರ ಬರೆಸುವಾಗ ನಾನು ಅಕ್ಷರ ತಿದ್ದುತ್ತಿದ್ದೆ. ಹಣ ಒಟ್ಟಾಗುವಾಗ ನನ್ನ ಎಸ್ಸೆಸ್ಸೆಲ್ಸಿ ಮುಗಿದಿತ್ತು.

ಹಣ ಕೊಟ್ಟದ್ದು ನಮ್ಮ ಚಾವಡಿಯಲ್ಲೇ. ಅವತ್ತು ಸಂತೆಯ ದಿನ. ನಾರಾವಿಯವರು ಹಣವನ್ನು ಎಣಿಸದೆ ಚೀಲಕ್ಕೆ ಹಾಕಿ, ಪತ್ರವನ್ನು ಹಿಂದೆ ಕೊಟ್ಟರು. ಅಮ್ಮ ಒಳಬಾಗಿಲ ಮರೆಯಲ್ಲಿ ನಿಂತಿದ್ದಳು, ನಾನು ಅವಳ ಹಿಂದೆ. ನಾರಾವಿಯವರ ಕಣ್ಣು ತುಂಬಿತ್ತು. ಇದನ್ನು ನಾನು ನೋಡಿದ್ದೇನೆ.

"ಏಜೆಂಟರೇ, ಒಂದು ಮಾತು ಹೇಳ್ತೇನೆ. ಮೊದಲು ನಾನು ಸಂತೆಯ ದಿನ ಮಾತ್ರ ನಿಲ್ಲುವ ಅಂತ ಇದ್ದದ್ದು. ಮೀನು ಮಾಡುವವರ ಮನೆ, ನಿನಗೆ ಹೆಚ್ಚು ದಿನ ಆಗ್ಲಿಕ್ಕಿಲ್ಲ ಅಂತ ಅಕ್ಕನೂ ಹೇಳಿದ್ದಳು. ಬಂದು ನೋಡಿದರೆ ನಿಮ್ಮಲ್ಲಿ ಮೀನಿನ ಸುದ್ದಿಯೇ ಇಲ್ಲ, ಸಂಜೆಯಾದರೆ ಧೂಪ. ಇಂಥ ಮನೆ ಬಿಟ್ಟು ಹೋಗ್ಲಿಕ್ಕೆ ನನಗೆ ಮನಸ್ಸೇ ಬರಲಿಲ್ಲ."

ಅಪ್ಪನ ಮುಖವನ್ನು ನಾನು ಹೇಗೆ ವರ್ಣಿಸಲಿ? ಬಸ್ಸು ಹೊರಟ ಮೇಲೆ ಟಿಕೇಟಿಗೆ ಬಂದವರ ಮುಖ ಹಾಗಿರುತ್ತದೆ. ಅಮ್ಮ ಸೆರಗನ್ನು ಬಾಯಿಗೆ ತುರುಕಿಕೊಂಡು ಅಡುಗೆಮನೆಗೆ ಓಡಿದಳು. ನಗುತ್ತಿದ್ದಳೋ ಅಳುತ್ತಿದ್ದಳೋ ನನಗೆ ಇವತ್ತಿಗೂ ಖಚಿತವಿಲ್ಲ. ಮೊದಲ ಸಂತೆಯ ಸಂಜೆ ಆ ಮಡಕೆ ಒಲೆಯ ಮೇಲೇ ಕುದಿಯುತ್ತಿದ್ದಿದ್ದರೆ ಜಗಲಿ ವಾರಕ್ಕೊಂದು ದಿನ ಮಾತ್ರ ಅವರದಾಗಿರುತ್ತಿತ್ತು. ಮೀನು ಮಾಡಬಾರದು, ಎದುರಿನಿಂದ ನಡೆಯಬಾರದು, ಗಟ್ಟಿಯಾಗಿ ಮಾತಾಡಬಾರದು ಎಂದು ಪತ್ರದಲ್ಲಿ ಎಲ್ಲೂ ಇರಲಿಲ್ಲ. ಅದನ್ನೆಲ್ಲ ನಾವೇ ಮರ್ಯಾದೆಯಿಂದ ಸೇರಿಸಿಕೊಂಡಿದ್ದೆವು.

ನಾರಾವಿಯವರು ಕೊಡೆ ತೆಗೆದುಕೊಂಡು ಎಲ್ಲರಿಗೂ ಹೇಳಿ ಹೋದರು. ಅಪ್ಪ ಬಸ್‌ಸ್ಟ್ಯಾಂಡಿಗೆ ಹೋದವರು ಬಾಳೆಯೆಲೆಯಲ್ಲಿ ಬಂಗುಡೆ ಹಿಡಿದುಕೊಂಡು, ನಾಲ್ಕು ಜನ ನೋಡುವ ಹಾಗೆ, ಎದುರು ಬಾಗಿಲಿನಿಂದಲೇ ಒಳಗೆ ಬಂದರು. ಅವತ್ತಿನ ಪುಳಿಮುಂಚಿ ಗೋಡೆ ಹಾರಲಿಲ್ಲ. ಲೂಸಿಬಾಯಿ ಗೋಡೆಯ ಹತ್ತಿರ ಬಂದು ಎಲ್ಲರೂ ಸೌಖ್ಯವೇ ಎಂದು ವಿಚಾರಿಸಿ, ತನ್ನ ಪಾಲು ತೆಗೆದುಕೊಂಡು ಹೋದಳು.

ಸಂಜೆ ಅಮ್ಮ ಮುಖ ತೊಳೆದು, ಬೇರೆ ಸೀರೆ ಉಟ್ಟು, ಮಲ್ಲಿಗೆ ಮುಡಿದು ಜಗಲಿಗೆ ಬಂದಳು. ಅಪ್ಪ ಕುರ್ಚಿಯಲ್ಲಿದ್ದರು. ಅವಳು ಕಂಬದ ಮೂಲೆಗೆ ಹೋದಳು. ಬೆನ್ನು ಕೊಟ್ಟು ಕೂರುತ್ತಾಳೆ ಎಂದು ನಾನು ಕಾದೆ. ಕೂರಲಿಲ್ಲ. ಅಂಚಿನಲ್ಲಿ, ಮೊದಲ ಸಲ ಬಂದ ಮನೆಯಲ್ಲಿ ಕೂರುವ ಹಾಗೆ, ಕಾಲು ಮಡಿಸಿ ಸೆರಗು ಹೊದ್ದು ಕೂತಳು. ಮಂಗಳೂರಿನ ಬಸ್ಸು ಬಂತು. ಜನ ಇಳಿದರು. ಅವಳು ಅಷ್ಟು ವರ್ಷ ಆಸೆಪಟ್ಟದ್ದೆಲ್ಲ ಕಣ್ಣೆದುರೇ ಇತ್ತು. ನೆಲದ ಮೇಲೆ ಒಮ್ಮೆ ಕೈಯಾಡಿಸಿದಳು, ಹೊಳಪು ಹೋಗಿದೆ ಎಂದಳು. ಸ್ವಲ್ಪ ಹೊತ್ತಿಗೆ ಎದ್ದಳು. ನಮ್ಮ ಕಡೆ ಬೇರೆಯವರ ಮನೆಯಿಂದ ಹೊರಡುವಾಗ ಹೇಳುವ ಮಾತನ್ನು ಅಪ್ಪನ ಕಡೆ ತಿರುಗಿ ಹೇಳಿದಳು.

"ಹಾಗಾದರೆ ನಾನು ಬರ್ತೇನೆ."

ಹೇಳಿದ್ದು ಅವಳಿಗೆ ಗೊತ್ತೇ ಆಗಲಿಲ್ಲ. ಮೆಟ್ಟಿಲಿಳಿದು, ಪಕ್ಕದ ದಾರಿಯಲ್ಲಿ ಸುತ್ತಿಕೊಂಡು ಅಡುಗೆಮನೆಗೆ ಹೋದಳು. ಚಾವಡಿಯ ಬಾಗಿಲು ಅಗಲಕ್ಕೆ ತೆರೆದಿತ್ತು. ನನಗೆ ನಗು ಬರಬೇಕಿತ್ತು, ಬರಲಿಲ್ಲ. ಅಪ್ಪ ಬಹಳ ಹೊತ್ತು ಆ ಬಾಗಿಲನ್ನೇ ನೋಡುತ್ತಾ ಕೂತಿದ್ದರು.

ಮರುದಿನ ಬೆಳಿಗ್ಗೆ ಅಪ್ಪ ಬಸ್‌ಸ್ಟ್ಯಾಂಡಿಗೆ ಹೋಗಲಿಲ್ಲ. ಹಾರೆ ಹಿಡಿದು ಪಕ್ಕದ ದಾರಿಯನ್ನು ಅಗೆದು, ಗೊಬ್ಬರ ಹಾಕಿ, ಮನೆಯ ಗೋಡೆಯಿಂದ ಆವರಣದ ಗೋಡೆಗೆ ಅಡ್ಡವಾಗಿ ಬಸಳೆ ಚಪ್ಪರ ಕಟ್ಟಿದರು. ಬಸಳೆ ನೆಡಲು ಬೇರೆ ಜಾಗ ಸಿಗಲಿಲ್ಲವಾ ಎಂದು ಅಮ್ಮ ಬೈದಳು. ಮನೆಯ ಇನ್ನೊಂದು ಪಕ್ಕದಲ್ಲಿ ಬರೀ ಚರಂಡಿ. ಇನ್ನು ಬಾವಿಯ ನೀರು ಅಡುಗೆಮನೆಗೆ ಬರಬೇಕಾದರೆ ಜಗಲಿ ಹತ್ತಿ ಚಾವಡಿಯಲ್ಲೇ ಬರಬೇಕು. ಮಾಡಿದ್ದು ಸರಿಯಾಯಿತಾ ಎಂದು ಕೇಳಿದಳು. ಅಪ್ಪ ನೋಡುವ ಎಂದರು.

ಬಸಳೆ ಚೆನ್ನಾಗಿ ಹಬ್ಬಿತು. ಅಮ್ಮ ದ್ವೇಷದಿಂದಲೇ ಅದಕ್ಕೆ ನೀರು ಹಾಕಿ, ಒಣಸಿಗಡಿ ಸೇರಿಸಿ ಪದಾರ್ಥ ಮಾಡಿದಳು. ದಿನಾ ಸಂಜೆ ತುಂಬಿದ ಕೊಡ ಎತ್ತಿಕೊಂಡು ಜಗಲಿ ಹತ್ತುತ್ತಿದ್ದಳು. ಕೊಡವನ್ನು ಕೆಳಗಿಟ್ಟು, ಕಂಬಕ್ಕೆ ಬೆನ್ನು ಕೊಟ್ಟು, ಮಂಗಳೂರಿನ ಬಸ್ಸು ಬಂದು ಹೋಗುವಷ್ಟು ಹೊತ್ತು ಕೂರುತ್ತಿದ್ದಳು. ಯಾರಾದರೂ ನೋಡಿದರೆ, ಕೊಡ ಭಾರ ಎನ್ನುತ್ತಿದ್ದಳು.